ಕ್ಯೂ ಪಾತ್ರದ ಹಿರಿಯರಿಗೂ ಜಾಗ ಕೊಡಿ

ಸಂಪಾದಕರೇ,

ಜೇಮ್ಸ್ ಬಾಂಡ್ ಎಂದರೆ ಎಲ್ಲರೂ ನಾಯಕರನ್ನೇ ಲೆಕ್ಕ ಹಾಕುತ್ತಾರೆ. ದಾವಣಗೆರೆಯ ಟಾಕೀಸಿನಲ್ಲಿ ಪ್ರೊಜೆಕ್ಟರ್ ನಡೆಸುತ್ತಿದ್ದ ನಾನು ಕಾಯುತ್ತಿದ್ದುದು ಬಾಂಡ್‌ಗೆ ಚಮತ್ಕಾರದ ಉಪಕರಣಗಳನ್ನು ಕೊಡುವ ಕ್ಯೂ ಬರುವ ದೃಶ್ಯಕ್ಕೆ. ಆ ಪಾತ್ರದ ಡೆಸ್ಮಂಡ್ ಲೆವೆಲಿನ್ ವೇಲ್ಸ್‌ನವರು. ಎರಡನೇ ಮಹಾಯುದ್ಧದಲ್ಲಿ ಜರ್ಮನ್ನರ ಸೆರೆಯಲ್ಲಿ ಐದು ವರ್ಷ ಕಳೆದವರು. 1963ರಿಂದ 1999ರವರೆಗೆ 17 ಬಾಂಡ್ ಚಿತ್ರ, ಐವರು ನಾಯಕರು! ಪ್ರತಿ ಸಲ ಸಿಗುತ್ತಿದ್ದುದು ಕೆಲವೇ ನಿಮಿಷ. ಅಷ್ಟರಲ್ಲೇ ಸಿಡುಕು, ಒಳಗಿನ ಪ್ರೀತಿ ಎರಡೂ ಕಾಣುತ್ತಿತ್ತು. ಕೊಟ್ಟ ವಸ್ತು ಹಾಳಾಗದೆ ವಾಪಸ್ ಬರಲಿ ಎಂಬ ಆ ಕಾಳಜಿ ಯಂತ್ರ ಮುಟ್ಟಿದವರಿಗೆ ಗೊತ್ತು, ಅಲ್ವಾ? ನಿಜ ಜೀವನದಲ್ಲಿ ಅವರಿಗೆ ಯಂತ್ರಗಳು ಒಗ್ಗುತ್ತಿರಲಿಲ್ಲವಂತೆ. 1999ರ ಡಿಸೆಂಬರಿನಲ್ಲಿ, 85ನೇ ವಯಸ್ಸಿನಲ್ಲಿ, ಕಾರು ಅಪಘಾತದಲ್ಲಿ ತೀರಿಕೊಂಡರು. ನಿಮ್ಮ ಸಿನಿಮಾ ಪುರವಣಿಯಲ್ಲಿ ಇಂಥ ಪೋಷಕ ನಟರ ಬಗ್ಗೆಯೂ ಬರೆಯಿರಿ.

– ನಿವೃತ್ತ ಪ್ರೊಜೆಕ್ಟರ್ ಆಪರೇಟರ್, ದಾವಣಗೆರೆ