ಟರ್ಮಿನಲ್ ಹೊಸದು, ಕನ್ನಡದ ಪಾಡು ಹಳೇದೇ

ಸಂಪಾದಕರೇ,

ಟೆಕ್ ಪುಟದಲ್ಲಿ ಬರೀ ಮೊಬೈಲ್ ಬಗ್ಗೆನೇ ಬರೀತೀರಿ, ಕೋಡ್ ಬರೆಯೋರು ದಿನವಿಡೀ ತೆರೆದಿಟ್ಕೊಂಡಿರೋ ಟರ್ಮಿನಲ್ (ಕಮಾಂಡ್ ಟೈಪ್ ಮಾಡಿ ಕಂಪ್ಯೂಟರ್‌ಗೆ ಕೆಲಸ ಹೇಳೋ ವಿಂಡೋ) ಬಗ್ಗೆನೂ ಒಂದ್ಸಲ ಬರೀರಿ. 1978ರ ವಿಟಿ100 ಅನ್ನೋ ಟರ್ಮಿನಲ್ ಯಂತ್ರದ ಕಾಲದ 80 ಕಾಲಂ, 24 ಸಾಲಿನ ಲೆಕ್ಕ ಎಷ್ಟೋ ಕಡೆ ಇನ್ನೂ ಡೀಫಾಲ್ಟು, ಆದ್ರೆ ಒಳಗೆ ತುಂಬಾನೇ ಬದಲಾಗಿದೆ. ಅಲಕ್ರಿಟಿ, ಕಿಟ್ಟಿ, ಘೋಸ್ಟಿ ಥರದ ಟರ್ಮಿನಲ್ ಆ್ಯಪ್‌ಗಳು ಅಕ್ಷರ ಮೂಡಿಸೋ ಕೆಲಸನ ಜಿಪಿಯುಗೆ (ಗ್ರಾಫಿಕ್ಸ್ ಚಿಪ್‌ಗೆ) ಒಪ್ಪಿಸಿಬಿಟ್ಟಿವೆ, ಪ್ರೋಗ್ರಾಂನ ಲಾಗ್ ಸಾವಿರಾರು ಸಾಲು ಓಡಿದ್ರೂ ಸ್ಕ್ರೀನ್ ತಡವರಿಸೋದು ಕಮ್ಮಿ. ಕಿಟ್ಟಿಲಿ ವಿಂಡೋ ಭಾಗ ಮಾಡ್ಕೊಂಡು ಒಂದ್ಕಡೆ ಸರ್ವರ್ ಇನ್ನೊಂದ್ಕಡೆ ಟೆಸ್ಟ್ ಓಡಿಸಬಹುದು, ಚಿತ್ರನೂ ಅಲ್ಲೇ ನೋಡಬಹುದು, ಆದ್ರೆ ನನಗೆ ನಿಜವಾಗ್ಲೂ ಉಪಯೋಗಕ್ಕೆ ಬಂದಿದ್ದು ಶೆಲ್ (ಕಮಾಂಡ್ ಓದಿ ನಡೆಸೋ ಪ್ರೋಗ್ರಾಂ) ಜೊತೆ ಟರ್ಮಿನಲ್ ಹೊಂದಿಕೊಂಡು ಕೆಲಸ ಮಾಡೋ ಶೆಲ್ ಇಂಟಿಗ್ರೇಷನ್, ಉದ್ದುದ್ದ ಎರರ್ ಮಧ್ಯೆ ಸ್ಕ್ರೋಲ್ ಮಾಡ್ತಾ ಒದ್ದಾಡೋ ಬದಲು ಶಾರ್ಟ್‌ಕಟ್ ಒತ್ತಿದ್ರೆ ಸೀದಾ ಹಿಂದಿನ ಕಮಾಂಡ್‌ಗೇ ಹೋಗುತ್ತೆ.

ಕೆಲವು ಆ್ಯಪ್‌ನಲ್ಲಿ ಎಐ ಬೇರೆ ಸೇರಿಸಿದ್ದಾರೆ. ಇರ್ಲಿ, ಬೇಡದೋರು ಆಫ್ ಮಾಡ್ಕೊಳ್ಲಿ.

ನನ್ನ ತಕರಾರು ಕನ್ನಡದ್ದು. ಟರ್ಮಿನಲ್ ಅಂದ್ರೆ ಒಂದೇ ಅಗಲದ ಚೌಕಗಳ ಹಾಸು, ಇಂಗ್ಲಿಷ್ ಅಕ್ಷರ ಚೌಕಕ್ಕೊಂದು ಆರಾಮಾಗಿ ಕೂರುತ್ತೆ, ನಮ್ಮ ‘ಸ್ತ್ರೀ’ ಬಂದ್ರೆ ಎಷ್ಟು ಚೌಕ ಕೊಡ್ಬೇಕು ಅಂತ ಅದಕ್ಕೇ ಗೊತ್ತಾಗಲ್ಲ, ಒತ್ತು ಒಂದ್ಕಡೆ ಕರ್ಸರ್ ಇನ್ನೊಂದ್ಕಡೆ. ಫೈಲ್ ಹೆಸರು ಕನ್ನಡದಲ್ಲಿಟ್ಟು ನೋಡಿ, ಗೊತ್ತಾಗುತ್ತೆ.

– ಒಬ್ಬ ಡೆವಲಪರ್ ಓದುಗ