ಅಣ್ಣನಿಗೆ ಮಾತು ವಾಪಸ್ ಕೊಟ್ಟವರಿಗೆ

ಮೊನ್ನೆ ಭಾನುವಾರ ಅಣ್ಣ ಕಾಫಿ ಕೇಳಿದರು. "ಸಕ್ಕರೆ ಕಮ್ಮಿ" ಅಂತಲೂ ಸೇರಿಸಿದರು. ಲಕ್ವಾ ಹೊಡೆದು ಐದು ತಿಂಗಳಾದ ಮೇಲೆ ಬಂದ ಮೊದಲ ಪೂರ್ತಿ ಮಾತು ಅದು. ಅಪ್ಪನನ್ನು ನಾವು ಅಣ್ಣ ಅಂತಲೇ ಕರೆಯೋದು, ತುಮಕೂರಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ ಅಲ್ವಾ.

ಆಸ್ಪತ್ರೆಯಲ್ಲಿ ರಾತ್ರಿ ಕೂತವರು, ದುಡ್ಡು ಕೊಟ್ಟು ವಾಪಸ್ ಕೇಳದವರು, ದಿನಾ ಬಂದು ಕೈಕಾಲು ಆಡಿಸಿದ ಫಿಸಿಯೋ ಹುಡುಗ, ನಿಮಗೆಲ್ಲ ನಮ್ಮ ಮನೆಯವರ ಕೈಮುಗಿದ ನಮಸ್ಕಾರ. ಆದರೆ ಎದುರು ಮನೆ ಟೀಚರಮ್ಮನ ವಿಷಯ ಸ್ವಲ್ಪ ಜಾಸ್ತಿ ಬರೆಯಬೇಕು.

ಅಣ್ಣ ಗುಬ್ಬಿಯವರು. 1884ರಲ್ಲಿ ಗುಬ್ಬಿ ನಾಟಕ ಕಂಪನಿ ಹುಟ್ಟಿದ ಊರು. ಕೊನೆ ಸಾಲಿಗೂ ಕೇಳುವ ಗಂಟಲು ಅವರದು. ಬೆಂಗಳೂರಿನಲ್ಲಿ ದೂರದರ್ಶನ ಶುರುವಾಗಿದ್ದು 1981ರಲ್ಲಿ. 85, 86ರಲ್ಲಿ ಅಣ್ಣ ಜೆ.ಸಿ. ನಗರದ ಸ್ಟುಡಿಯೋಗೆ ಹೋಗಿ ನಾಲ್ಕು ನಾಟಕ ಮಾಡಿದರು. ಎಲ್ಲ ಸಣ್ಣ ಪಾತ್ರ. "ಮೆಲ್ಲಗೆ ಮಾತಾಡಿ ಸಾರ್, ಮೈಕು ಇಲ್ಲೇ ಇದೆ" ಅಂತ ಸ್ಟುಡಿಯೋದವರು ಅನ್ನುತ್ತಿದ್ದರಂತೆ. ಕೆಂಪು ದೀಪ ಉರಿಯುವ ಕ್ಯಾಮೆರಾ ನಮ್ಮನ್ನು ನೋಡುತ್ತಿರುತ್ತದೆ, ನಾವು ಮಾತ್ರ ಅದನ್ನು ನೋಡಬಾರದು ಅಂತ ಅಣ್ಣ ನಮಗೆ ಹೇಳಿಕೊಡುತ್ತಿದ್ದರು. ಆಮೇಲೆ ಕೆಲಸದ ಕಡೆ ರಜೆ ಸಿಗಲಿಲ್ಲ. ಮನೆಯಲ್ಲಿ ನಾವು ಮೂರು ಮಕ್ಕಳು. ಅಲ್ಲಿಗೆ ನಿಂತಿತು.

ನಮ್ಮ ಹತ್ತಿರ ಆ ನಾಟಕಗಳ ಒಂದು ತುಣುಕೂ ಇಲ್ಲ. ಓಣಿಯಲ್ಲಿ ಯಾರ ಮನೆಯಲ್ಲೂ ವಿಸಿಆರ್ ಇರಲಿಲ್ಲ. ಆಗಿನ ಟೇಪು ದುಬಾರಿ ಬೇರೆ. ಎಷ್ಟೋ ಕಡೆ ಒಂದನ್ನು ಅಳಿಸಿ ಅದರ ಮೇಲೇ ಇನ್ನೊಂದು ರೆಕಾರ್ಡ್ ಮಾಡುತ್ತಿದ್ದರು.

ಮಾತು ಕಲಿಸುವ ಡಾಕ್ಟರಮ್ಮ, "ಇವರಿಗೆ ಬಾಯಿಪಾಠ ಇದ್ದದ್ದು ಏನಾದರೂ ಹೇಳಿಸಿ, ಅದು ಬೇಗ ಬರುತ್ತದೆ" ಅಂದರು. ನನಗೆ ಹೊಳೆದದ್ದು ಆ ನಾಟಕಗಳೇ. ಆದರೆ ಒಂದು ಸಾಲೂ ನೆನಪಿಲ್ಲ. ನಾನಾಗ ನಾಲ್ಕು ವರ್ಷದವಳು.

ಟೀಚರಮ್ಮನಿಗೆ ನೆನಪಿತ್ತು. ಆಗ ಓಣಿಯಲ್ಲಿ ಟಿವಿ ಇದ್ದದ್ದು ಅವರ ಮನೆಯಲ್ಲಿ ಮಾತ್ರ. ಅವರ ಯಜಮಾನರು ಮಾಳಿಗೆ ಹತ್ತಿ ಆಂಟೆನಾ ತಿರುಗಿಸುತ್ತಿದ್ದರೆ, ಕೆಳಗೆ ಚಾಪೆ ಮೇಲೆ ಇಡೀ ಓಣಿ. ಒಂದು ನಾಟಕದಲ್ಲಿ ಅಣ್ಣನದು ಪೋಸ್ಟ್‌ಮ್ಯಾನ್ ಪಾತ್ರ. "ಅಮ್ಮಾ, ಈ ಸಲಾನೂ ನಿಮ್ಮ ಮಗನ ಕಾಗದ ಇಲ್ಲ." ಟೀಚರಮ್ಮ ದಿನಾ ಸಂಜೆ ಬಂದು, ಮಂಚದ ಪಕ್ಕ ಕೂತು "ಅಮ್ಮಾ, ಈ ಸಲಾನೂ..." ಅಂತ ಹೇಳಿ ನಿಲ್ಲಿಸುತ್ತಿದ್ದರು. ಅವರಿಗೂ ಎಂಬತ್ತು ದಾಟಿದೆ, ಮಂಡಿ ನೋವು. ಆದರೂ ಒಂದು ದಿನ ತಪ್ಪಿಸಲಿಲ್ಲ.

ಹನ್ನೊಂದನೇ ದಿನ ಅಣ್ಣ "ಕಾಗದ" ಅಂದರು. ಟೀಚರಮ್ಮ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತುಬಿಟ್ಟರು.

ನಿನ್ನೆ ಅಣ್ಣ ಅವರನ್ನೇ ತಿದ್ದಿದರು. "ಇಲ್ಲ... ಮೊದಲು... ಬೆಲ್ಲು." ಬಾಗಿಲಲ್ಲಿ ಸೈಕಲ್ ಬೆಲ್ಲು ಆಗಬೇಕಂತೆ, ಆಮೇಲೆ ಮಾತು. ಟೀಚರಮ್ಮ ಕಾಫಿ ಲೋಟ ಎತ್ತಿಕೊಂಡು ಚಮಚದಲ್ಲಿ ಎರಡು ಸಲ ಟಿಣ್ ಟಿಣ್ ಅನ್ನಿಸಿದರು. ಅಣ್ಣ ದಿಂಬಿಗೆ ಒರಗಿದ್ದವರು ನೆಟ್ಟಗೆ ಕೂತರು.