ರಾಜೀನಾಮೆ ಕಳಿಸುವ ಮುಂಚೆ

ಹ್ಯಾಮಿಲ್ಟನ್, ಕೆನಡಾ
ಭಾನುವಾರ ಮಧ್ಯಾಹ್ನ

ಚಿ. ಪುಟ್ಟಿಗೆ,

ದೊಡ್ಡಮ್ಮನ ಆಶೀರ್ವಾದ. ನಿನ್ನ ಪತ್ರ ಮೊನ್ನೆ ಕೈಸೇರಿತು. ಮಾರ್ಚ್‌ನಲ್ಲಿ ಕೆಲಸ ಬಿಟ್ಟು ಒಂದು ವರ್ಷ ಕೂತು ಕಾದಂಬರಿ ಬರೆಯುತ್ತೇನೆ ಅಂದಿದ್ದೀಯ. ನಿನ್ನೆ ರಾತ್ರಿ ನಿಮ್ಮಮ್ಮ ಮೈಸೂರಿನಿಂದ ಫೋನ್ ಮಾಡಿ ಮುಕ್ಕಾಲು ಗಂಟೆ ಅತ್ತಳು. "ಅಕ್ಕಾ, ಅವಳ ತಲೆ ಕೆಡಿಸಿದ್ದೇ ನೀನು" ಅಂದಳು. ಇಲ್ಲಿನ ಲೈಬ್ರರಿಯಲ್ಲಿ ಇಪ್ಪತ್ತಾರು ವರ್ಷ ಕೆಲಸ ಮಾಡಿ, ನಿನಗೆ ಚಿಕ್ಕಂದಿನಿಂದ ಪುಸ್ತಕ ಕಳಿಸಿದವಳು ನಾನು. ಏನು ವಾದ ಮಾಡಲಿ? ತಪ್ಪಾಯ್ತು ಅಂದೆ.

ಬರೆಯಬೇಡ ಅಂತ ನಾನು ಹೇಳುವುದಿಲ್ಲ. ಆದರೆ "ಕೆನಡಾದಲ್ಲಿ ಬರಹಗಾರರಿಗೆ ಗ್ರಾಂಟ್ ಇದೆ, ಪ್ರಶಸ್ತಿ ಇದೆ, ಹೇಗೋ ನಡೆಯುತ್ತೆ" ಅಂದಿದ್ದೀಯಲ್ಲ, ಆ 'ಹೇಗೋ' ಅನ್ನೋ ಮಾತು ನನ್ನನ್ನು ಕೂತು ಬರೆಯುವ ಹಾಗೆ ಮಾಡಿತು.

ಸುಸಾನಾ ಮೂಡಿ ಹೆಸರು ಕೇಳಿರುತ್ತೀಯ. 1832ರಲ್ಲಿ ಗಂಡನ ಜೊತೆ ಇಂಗ್ಲೆಂಡಿನಿಂದ ಬಂದು ಒಂಟಾರಿಯೋದ ಕಾಡಿನಲ್ಲಿ ಬದುಕು ಕಟ್ಟಲು ಹೊರಟವಳು. ಬ್ರಿಟಿಷ್ ಆಡಳಿತದ ವಿರುದ್ಧ ಎದ್ದ 1837ರ ದಂಗೆಯ ಸಮಯಕ್ಕೆ ಗಂಡ ಸೈನ್ಯಕ್ಕೆ ಸೇರಿ ದೂರ ಹೋದ. ಮನೆಯಲ್ಲಿ ಸಣ್ಣ ಮಕ್ಕಳು, ತಲೆ ಮೇಲೆ ಸಾಲ. ಆಗ ಮಾಂಟ್ರಿಯಲ್‌ನ ಒಂದು ಪತ್ರಿಕೆಯವರು "ಬರೆದು ಕಳಿಸಿ, ದುಡ್ಡು ಕೊಡುತ್ತೇವೆ" ಅಂದರು. ಹಗಲೆಲ್ಲ ಮನೆಗೆಲಸ. ರಾತ್ರಿ ಬರೆಯೋಣ ಅಂದರೆ ಮೇಣದಬತ್ತಿಗೆ ಗತಿ ಇಲ್ಲ. ಮನೆಗೆಲಸದ ಜೆನ್ನಿ ಅನ್ನೋ ಮುದುಕಿ ಹಳೇ ಬಟ್ಟೆ ಚಿಂದಿಗಳನ್ನು ಹೊಸೆದು, ಹಂದಿಕೊಬ್ಬಿನಲ್ಲಿ ಅದ್ದಿ, ಬಾಟಲಿಗೆ ಸಿಕ್ಕಿಸಿ ಹಚ್ಚಿಕೊಡುತ್ತಿದ್ದಳು. ಬೆಳಕೇನೋ ಪರವಾಗಿಲ್ಲ, ಆದರೆ ಕೆಲವು ಗಂಟೆ ಬರೆಯಲು ಅಂಥ ಬತ್ತಿ ರಾಶಿ ಬೇಕಾಗುತ್ತಿತ್ತಂತೆ. ಮಾಂಟ್ರಿಯಲ್‌ನಿಂದ ಮೊದಲ ಇಪ್ಪತ್ತು ಡಾಲರ್ ನೋಟು ಬಂದಾಗ ಸಂತೋಷಕ್ಕೆ ಅತ್ತುಬಿಟ್ಟೆ, ಅದು ನನ್ನ ಸ್ವಂತ ದುಡಿಮೆ ಅಂತ ಆಕೆಯೇ 1852ರ ತನ್ನ ಪುಸ್ತಕದಲ್ಲಿ ಬರೆದುಕೊಂಡಿದ್ದಾಳೆ. ಈ ದೇಶದ ಸಾಹಿತ್ಯದ ಚರಿತ್ರೆ ಬರೆಯುವವರು ಕಾಡು, ಚಳಿ, ಒಂಟಿತನ ಅಂತೆಲ್ಲ ಶುರು ಮಾಡುತ್ತಾರೆ. ನನಗೆ ಕೇಳಿದರೆ ಆ ಇಪ್ಪತ್ತು ಡಾಲರಿನಿಂದ ಶುರು ಮಾಡಬೇಕು.

ಆಮೇಲಿನವರನ್ನು ನೋಡು. ಕವಿ ಆರ್ಚಿಬಾಲ್ಡ್ ಲ್ಯಾಂಪ್‌ಮನ್ ರಾಜಧಾನಿ ಒಟ್ಟಾವಾದ ಅಂಚೆ ಇಲಾಖೆಯಲ್ಲಿ ಗುಮಾಸ್ತ. ಇನ್ನೊಬ್ಬ ಕವಿ ರಾಬರ್ಟ್ ಸರ್ವಿಸ್ ಯೂಕಾನ್‌ನಲ್ಲಿ ಬ್ಯಾಂಕ್ ಗುಮಾಸ್ತ. ಸ್ಟೀಫನ್ ಲೀಕಾಕ್ ಮೆಕ್‌ಗಿಲ್‌ನಲ್ಲಿ ಅರ್ಥಶಾಸ್ತ್ರದ ಮೇಷ್ಟ್ರು. ತನ್ನ ಮೊದಲ ಹಾಸ್ಯದ ಪುಸ್ತಕವನ್ನು 1910ರಲ್ಲಿ ಕೈಯಿಂದ ದುಡ್ಡು ಹಾಕಿ ಅಚ್ಚು ಮಾಡಿಸಿದ. ನಮ್ಮ ಮಾಸ್ತಿಯವರೂ ಸರ್ಕಾರಿ ಅಧಿಕಾರಿಯಾಗಿದ್ದುಕೊಂಡೇ ಬರೆದವರು ತಾನೆ?

ಅಂದಹಾಗೆ, ಕೆಲಸ ಇರಲಿ ಅಂದೆನೇ ಹೊರತು ಯಾವ ಕೆಲಸವಾದರೂ ಸರಿ ಅಂದಿಲ್ಲ. ಡಂಕನ್ ಕ್ಯಾಂಬೆಲ್ ಸ್ಕಾಟ್ ಅಂತ ಒಬ್ಬ ಕವಿ, ಲ್ಯಾಂಪ್‌ಮನ್‌ನ ಗೆಳೆಯ. ಮೂಲನಿವಾಸಿಗಳ ಬಗ್ಗೆ ಕರುಣೆಯಿಂದ ಪದ್ಯ ಬರೆದ. ಹಗಲು ಅವರದೇ ಇಲಾಖೆಯ ಮುಖ್ಯಸ್ಥನಾಗಿ, 1920ರಲ್ಲಿ ಅವರ ಮಕ್ಕಳನ್ನು ಮನೆಯವರಿಂದ ಬೇರ್ಪಡಿಸಿ ಬಲವಂತವಾಗಿ ವಸತಿ ಶಾಲೆಗೆ ಸೇರಿಸುವ ಕಾನೂನು ತಂದ. ಆ ಪದ್ಯಗಳನ್ನು ನಾನು ಮತ್ತೆ ಓದಲಾರೆ. ಇರಲಿ, ನೀನು ಇನ್ಶೂರೆನ್ಸ್ ಕಂಪನಿಯಲ್ಲಿ ಲೆಕ್ಕ ನೋಡುವವಳು, ಅಷ್ಟು ಪಾಪ ಇಲ್ಲ.

ನಿನಗೆ ನಿಜವಾಗಿ ಹೇಳಬೇಕಾದ್ದು ಲೇಖಕಿ ಎಲ್. ಎಂ. ಮಾಂಟ್‌ಗೊಮರಿಯ ಕಥೆ. ಅವಳ 'ಆನ್ ಆಫ್ ಗ್ರೀನ್ ಗೇಬಲ್ಸ್' ಕಾದಂಬರಿ ನಾನೇ ನಿನ್ನ ಹತ್ತನೇ ಹುಟ್ಟುಹಬ್ಬಕ್ಕೆ ಕಳಿಸಿದ್ದೆ, ನೆನಪಿದೆಯಾ? ಈಕೆ ಪ್ರಿನ್ಸ್ ಎಡ್ವರ್ಡ್ ದ್ವೀಪದಲ್ಲಿ ಅಜ್ಜಿ ಮನೆಯಲ್ಲಿದ್ದಳು. ಆ ಮನೆಯೇ ಊರಿನ ಅಂಚೆ ಕಚೇರಿ. ಹಾಗಾಗಿ ಎಷ್ಟು ಕಥೆ ಕಳಿಸಿದಳು, ಎಷ್ಟು ವಾಪಸ್ ಬಂತು ಅನ್ನೋದು ಊರವರಿಗೆ ಗೊತ್ತಾಗಲೇ ಇಲ್ಲ. ನಾಲ್ಕಾರು ಕಡೆ ತಿರಸ್ಕಾರವಾದ ಆನ್ ಹಸ್ತಪ್ರತಿಯನ್ನು ಟೋಪಿ ಪೆಟ್ಟಿಗೆಯಲ್ಲಿ ಹಾಕಿಟ್ಟಿದ್ದಳು. ಆಮೇಲೆ ಬಾಸ್ಟನ್‌ನ ಪ್ರಕಾಶಕರೊಬ್ಬರು ಒಪ್ಪಿದರು, 1908ರಲ್ಲಿ ಪುಸ್ತಕ ಬಂತು. ಪ್ರತಿಗೆ ಅವಳಿಗೆ ಸಿಗುತ್ತಿದ್ದದ್ದು 9 ಸೆಂಟ್. ಮುಂದಿನ ಐದು ವರ್ಷ ಬರೆದದ್ದೆಲ್ಲ ಅದೇ ಷರತ್ತಿನಲ್ಲಿ ಅವರಿಗೇ ಕೊಡಬೇಕು ಅಂತ ಒಪ್ಪಂದದಲ್ಲಿತ್ತು. ಸಹಿ ಹಾಕಿಬಿಟ್ಟಳು. ಆಮೇಲೆ ಬೇಸತ್ತು ಅವರಿಗೇ ಹಕ್ಕು ಮಾರಿದ್ದರಿಂದ, 1919ರಲ್ಲಿ ಆನ್ ಸಿನಿಮಾ ಆದಾಗ ಒಂದು ಕಾಸೂ ಬರಲಿಲ್ಲ. ಅದೇ ಪ್ರಕಾಶಕರ ಜೊತೆಗಿನ ಕೋರ್ಟು ಕಚೇರಿ ಓಡಾಟ ಸುಮಾರು ಒಂಬತ್ತು ವರ್ಷ ಎಳೆಯಿತು.

ನನಗೇನೂ ಇದನ್ನು ಪುಸ್ತಕದಲ್ಲಿ ಓದಿ ಕಲಿಯಬೇಕಾಗಿರಲಿಲ್ಲ. ಊರಲ್ಲಿದ್ದಾಗ ನನ್ನದೂ ಒಂದು ಕಥಾಸಂಕಲನ ಬಂದಿತ್ತು, ಹನ್ನೊಂದು ಕಥೆ. ಪ್ರಕಾಶಕರು ಕೊಟ್ಟ ಹಾಳೆಗೆ ಓದದೇ ಸಹಿ ಹಾಕಿದೆ. ನನ್ನ ಪುಸ್ತಕ ಬರ್ತಿದೆಯಲ್ಲ ಅನ್ನೋ ಸಂಭ್ರಮ. ಸಂಭಾವನೆ ಅಂತ ಇಪ್ಪತ್ತು ಗೌರವ ಪ್ರತಿ ಕೊಟ್ಟರು. ಎಷ್ಟೋ ವರ್ಷದ ಮೇಲೆ ಒಂದು ಕಥೆ ಯಾವುದೋ ಕಾಲೇಜಿನ ಪಠ್ಯದಲ್ಲಿದೆ ಅಂತ ಗೆಳತಿಯ ಮಗಳು ಹೇಳಿದಳು. ವಿಚಾರಿಸಿದರೆ ಹಕ್ಕು ನಮ್ಮದು ಅಂದರು. ದುಡ್ಡು ಕೇಳಿದರೆ ಸಣ್ಣವಳಾಗುತ್ತೇನೆ ಅಂತ ನಾನೂ ಸುಮ್ನೆ ಇದ್ದುಬಿಟ್ಟೆ. ಆಮೇಲೆ ಕಥೆ ಬರೆಯಲಿಲ್ಲ. ಇದನ್ನು ನಿಮ್ಮಮ್ಮನಿಗೂ ಹೇಳಿಲ್ಲ.

ಗ್ರಾಂಟ್ ವಿಷಯಕ್ಕೆ ಬರೋಣ. ಬರಹಗಾರರಿಗೆ, ಕಲಾವಿದರಿಗೆ ಗ್ರಾಂಟ್ ಕೊಡುವ ಕೆನಡಾ ಕೌನ್ಸಿಲ್ ಶುರುವಾಗಿದ್ದು 1957ರಲ್ಲಿ. ಇಬ್ಬರು ಭಾರೀ ಸಾಹುಕಾರರು ಹೆಚ್ಚುಕಡಿಮೆ ಒಂದೇ ಹೊತ್ತಿಗೆ ತೀರಿಕೊಂಡು, ಅವರ ಆಸ್ತಿ ಮೇಲಿನ ತೆರಿಗೆಯಿಂದ ಸರ್ಕಾರಕ್ಕೆ ದೊಡ್ಡ ಮೊತ್ತ ಬಂತು. ಮೂಲಧನ ಅಲ್ಲಿಂದ. ಕಾದಂಬರಿಕಾರ ರೋಹಿಂಟನ್ ಮಿಸ್ತ್ರಿ ಆ ಗ್ರಾಂಟ್ ಹೇಗೆ ಬಳಸಿದರು ನೋಡು. 1975ರಲ್ಲಿ ಮುಂಬೈಯಿಂದ ಟೊರೊಂಟೊಗೆ ಬಂದು ಬ್ಯಾಂಕ್ ಸೇರಿದರು. ಸಂಜೆ ಯೂನಿವರ್ಸಿಟಿ ತರಗತಿ. 1983ರಲ್ಲಿ ಅಲ್ಲಿನ ಕಥಾಸ್ಪರ್ಧೆಯಲ್ಲಿ ಬಹುಮಾನ, ಮರುವರ್ಷ ಮತ್ತೆ ಬಹುಮಾನ. 1985ರಲ್ಲಿ ಗ್ರಾಂಟ್ ಬಂತು, ಆಗ ಬ್ಯಾಂಕ್ ಬಿಟ್ಟರು. ಬಿಟ್ಟು ಆಮೇಲೆ ಗ್ರಾಂಟಿಗೆ ಕಾಯಲಿಲ್ಲ. ಈ ಕ್ರಮ ನಿನಗೆ ಗೊತ್ತಿರಲಿ.

ಪೂರ್ತಿ ಬರವಣಿಗೆಯಲ್ಲೇ ಬದುಕಿದವರೂ ಇದ್ದಾರಲ್ಲ ಅಂತೀಯ. ಹೋದ ಬೇಸಿಗೆಯಲ್ಲಿ ನಾನು, ನಿಮ್ಮ ದೊಡ್ಡಪ್ಪ ಅಮೀಲಿಯಾಸ್‌ಬರ್ಗ್‌ಗೆ ಹೋಗಿದ್ದೆವು. ಕವಿ ಆಲ್ ಪರ್ಡಿಯ ಮನೆ ಇದೆ ಅಲ್ಲಿ, ಕೆರೆ ದಂಡೆಯಲ್ಲಿ. ಪರ್ಡಿ ಮೊದಲು ಹಾಸಿಗೆ ಕಾರ್ಖಾನೆಯಲ್ಲಿ ಕೂಲಿ ಮಾಡಿದವನು. 1957ರಲ್ಲಿ ಗಂಡ ಹೆಂಡತಿ ಸೇರಿ ಹಳೇ ಮರಮುಟ್ಟು ತಂದು ಈ ಮನೆ ಕಟ್ಟಿದರು. ಈಗ ಬರಹಗಾರರು ಬಂದು ಇದ್ದು ಬರೆಯುತ್ತಾರೆ. ಚೂಪು ಸೂರಿನ ಪುಟಾಣಿ ಮನೆ. ಎಲ್ಲರೂ ಅವನ ಧೈರ್ಯ ಹೊಗಳುತ್ತಾರೆ. ಅವನು ಪದ್ಯ ಬರೆಯುತ್ತಿದ್ದ ಎಷ್ಟೋ ವರ್ಷ ಕೆಲಸಕ್ಕೆ ಹೋಗಿ ಸಂಬಳ ತಂದದ್ದು ಹೆಂಡತಿ. "ನೀನು ಕವಿ ಆಗಿದ್ದರೆ ನಾನೂ ಸಾಕುತ್ತಿದ್ದೆ" ಅಂದರು ನಿಮ್ಮ ದೊಡ್ಡಪ್ಪ. ನಂಬಲಿಲ್ಲ ನಾನು.

ಲೆಕ್ಕ ನಿನಗೆ ಇಷ್ಟ, ಇದೊಂದು ಹಾಕಿ ನೋಡು. ಇಲ್ಲಿನ ಲೇಖಕರ ಯೂನಿಯನ್ ನಡೆಸಿದ ಸಮೀಕ್ಷೆ ಪ್ರಕಾರ 2017ರಲ್ಲಿ ಬರವಣಿಗೆಯಿಂದ ಒಬ್ಬರಿಗೆ ಸರಾಸರಿ 9,380 ಡಾಲರ್. ತಿಂಗಳಲ್ಲ, ವರ್ಷಕ್ಕೆ. ನಿನ್ನ ಐದು ತಿಂಗಳ ಬಾಡಿಗೆಗೂ ಸಾಲದು.

ಆ ಯೂನಿಯನ್ ಹುಟ್ಟಿದ್ದು 1973ರಲ್ಲಿ. ಕಾದಂಬರಿಕಾರ್ತಿಯರಾದ ಮಾರ್ಗರೆಟ್ ಲಾರೆನ್ಸ್, ಆಟ್‌ವುಡ್ ಎಲ್ಲ ಸೇರಿ ಕಟ್ಟಿದ್ದು. ಲೈಬ್ರರಿಯಲ್ಲಿ ನಮ್ಮ ಪುಸ್ತಕ ಜನ ಬಿಟ್ಟಿ ಓದುತ್ತಾರೆ, ಸಂತೋಷ, ಆದರೆ ಅದಕ್ಕೂ ಲೇಖಕನಿಗೆ ಏನಾದರೂ ಕೊಡಿ ಅಂತ ಕೇಳುತ್ತಲೇ ಇದ್ದರು. 1986ರಲ್ಲಿ ಸರ್ಕಾರ ಒಪ್ಪಿತು. ಪುಸ್ತಕವನ್ನು ಎಷ್ಟು ಜನ ತೆಗೆದುಕೊಂಡು ಹೋದರು ಅನ್ನೋದು ಇಲ್ಲಿ ಲೆಕ್ಕಕ್ಕಿಲ್ಲ, ಲೈಬ್ರರಿಯ ಪಟ್ಟಿಯಲ್ಲಿ ಇದ್ದರೆ ಸಾಕು. ಫೆಬ್ರವರಿಯಲ್ಲಿ ಹಣ ಬರುತ್ತೆ. ನಮ್ಮ ಶಾಖೆಗೆ ಒಬ್ಬ ಮುದುಕ ಕವಿ ವರ್ಷಕ್ಕೊಮ್ಮೆ ಬಂದು ತನ್ನ ಪುಸ್ತಕ ಕಪಾಟಿನಲ್ಲಿದೆಯಾ ಅಂತ ನೋಡಿ, ಪುಸ್ತಕದ ಬೆನ್ನು ಸವರಿ ಹೋಗುತ್ತಿದ್ದರು. ಹಳೇ ಪುಸ್ತಕ ತೆಗೆದುಹಾಕುವ ಪಟ್ಟಿಯಲ್ಲಿ ಅದು ಎರಡು ಸಲ ಬಂತು. ಆರು ವರ್ಷ ಯಾರೂ ಮುಟ್ಟಿರಲಿಲ್ಲ. ಎರಡು ಸಲವೂ ನಾನು ಅದನ್ನು ಮೆಲ್ಲಗೆ ವಾಪಸ್ ಕಪಾಟಿಗೆ ಸೇರಿಸಿದೆ. ನಿವೃತ್ತಿ ಆಯ್ತಲ್ಲ, ಈಗ ಹೇಳಬಹುದು.

ಹಾಗಾಗಿ ಕೆಲಸ ಬಿಡಬೇಡ. ವಾರಕ್ಕೆ ನಾಲ್ಕು ದಿನ ಮಾಡಿಕೊಡಿ ಅಂತ ಕೇಳಿ ನೋಡು. ಕಥೆಗಾರ್ತಿ ಆಲಿಸ್ ಮನ್ರೋ ತನ್ನ ಮಕ್ಕಳು ಮಲಗಿದ ಹೊತ್ತಿನಲ್ಲಿ ಬರೆದು, ಮೊದಲ ಪುಸ್ತಕ ತರುವ ಹೊತ್ತಿಗೆ 37 ವರ್ಷ. ನಿನಗಿನ್ನೂ 28. ಮತ್ತೆ, ಆ ಪತ್ರಿಕೆಯವರು ನಿನ್ನ ಕಥೆ ತಗೊಂಡಿದ್ದಾರೆ, ದುಡ್ಡಿನ ಮಾತು ಎತ್ತಿಲ್ಲ ಅಂದೆಯಲ್ಲ, ನೀನೇ ಎತ್ತು. ನಾಳೆಯೇ ಬರೆದು ಕೇಳು. ಅವರು ಕಳಿಸಿದ ಒಪ್ಪಂದಕ್ಕೆ ಸಹಿ ಹಾಕದೆ ಶನಿವಾರ ಇಲ್ಲಿಗೆ ತಾ, ಕೂತು ಒಂದೊಂದೇ ಸಾಲು ಓದೋಣ. ಬಿಸಿಬೇಳೆಬಾತ್ ಮಾಡಿರುತ್ತೇನೆ.

ಕಳಿಸಿದ ಎರಡು ಅಧ್ಯಾಯ ಓದಿದೆ. ಎರಡನೆಯದರಲ್ಲಿ ಅಜ್ಜಿ ಬಾಲ್ಕನಿಯಲ್ಲಿ ಸೀರೆ ಒಣಹಾಕಿ, ಅದು ಚಳಿಗೆ ಹಪ್ಪಳದ ಹಾಗೆ ಗಟ್ಟಿಯಾಗಿ ಬಿಡುವುದು ಚೆನ್ನಾಗಿದೆ. ಮೊದಲ ಅಧ್ಯಾಯದ ಹಿಮ ಮಾತ್ರ ಬೇರೆಯವರ ಪುಸ್ತಕದಿಂದ ಬಂದು ಬಿದ್ದ ಹಾಗಿದೆ. ಅದನ್ನು ತಿದ್ದಿಕೊಂಡು ಬಾ.

ಇತಿ,
ನಿನ್ನ ದೊಡ್ಡಮ್ಮ